ಮನೇಲಿರೋ ಗೇಮ್ ಡಿಸ್ಕಿಗೆ ಒಂದು ಕಾಪಿ: ಓದಿಸೋದು, ತಾಳೆ ನೋಡೋದು, ಎತ್ತಿಡೋದು

ಮೊದಲು ಡಿಸ್ಕನ್ನ ಟ್ಯೂಬ್‌ಲೈಟಿಗೆ ಅಡ್ಡ ಹಿಡಿದು ನೋಡಿ. ಚಿತ್ರ ಇರೋ ಕಡೆ ನಿಮ್ಮ ಮುಖಕ್ಕೆ ಇರಲಿ. ಸೂಜಿಮೊನೆಯಷ್ಟು ಬೆಳಕು ಎಲ್ಲಾದರೂ ತೂರಿ ಬಂತು ಅಂದ್ರೆ ಅಲ್ಲಿ ಹೊಳೆಯೋ ಲೋಹದ ಪದರ ಎದ್ದುಹೋಗಿದೆ ಅಂತ ಅರ್ಥ. ಅಂಥ ಡಿಸ್ಕನ್ನ ಸಾಲಿನಲ್ಲಿ ಮೊದಲು ಇಡಿ, ಇವತ್ತೇ ಓದಿಸಿ. ಮಿಕ್ಕಿದ್ದು ಭಾನುವಾರದವರೆಗೆ ಕಾಯುತ್ತೆ.

ನಂದು ಮಂಡ್ಯದಲ್ಲಿ ವಿ.ವಿ. ರೋಡಿಗೆ ಸೇರೋ ಒಂದು ಅಡ್ಡರಸ್ತೇಲಿ ಝೆರಾಕ್ಸ್, ಡಿಟಿಪಿ ಅಂಗಡಿ. ಪಹಣಿ ಪ್ರಿಂಟು, ಲಗ್ನಪತ್ರಿಕೆ, ಕಾಲೇಜು ಹುಡುಗರ ಪ್ರಾಜೆಕ್ಟು ದಿನದ ಕೆಲಸ. ಇವತ್ತಿಗೂ ತಿಂಗಳಿಗೆ ಎರಡು ಮೂರು ಜನ ಹಳೇ ಮದುವೆ ಸಿಡಿ ತಂದು "ಅಣ್ಣ, ಇದನ್ನ ಪೆನ್‌ಡ್ರೈವ್‌ಗೆ ಹಾಕ್ಕೊಡಿ" ಅಂತಾರೆ. ಹಾಗಾಗಿ ಡಿವಿಡಿ ಡ್ರೈವ್ ಇರೋ ಎರಡು ಹಳೇ ಕಂಪ್ಯೂಟರನ್ನ ಮಾರದೆ ಇಟ್ಕೊಂಡಿದೀನಿ. ನಾನೂ ನನ್ನ ತಂಗೀನೂ ಸೇರಿ ಕೂಡಿಸಿದ ಹದಿನಾಲ್ಕು ಪ್ಲೇಸ್ಟೇಷನ್ ಡಿಸ್ಕಿಗೆ ಕಾಪಿ ಮಾಡಿದ್ದು ಅದರಲ್ಲೇ. ವರ್ಷಕ್ಕೊಂದು ಸಲ ದಸರಾಕ್ಕೆ ಮೈಸೂರಿಗೆ ಹೋಗಿ, ವಸ್ತುಪ್ರದರ್ಶನ ನೋಡ್ಕೊಂಡು, ದೇವರಾಜ ಅರಸು ರಸ್ತೇಲಿ ಒಂದು ಡಿಸ್ಕ್ ತಗೊಂಡು ಸಂಜೆ ರೈಲಿಗೆ ವಾಪಸ್ ಬರ್ತಿದ್ವಿ. ಆ ಡಿಸ್ಕುಗಳು ಇವು.

ಈ ಕೆಲಸಕ್ಕೆ ನನ್ನನ್ನ ಕೂರಿಸಿದ್ದು ಅದರಲ್ಲೊಂದು. 'ದೇಸಿ ಅಡ್ಡಾ: ಗೇಮ್ಸ್ ಆಫ್ ಇಂಡಿಯಾ' ಅಂತ, 2009ರಲ್ಲಿ ಪ್ಲೇಸ್ಟೇಷನ್ 2ಗೆ, ಅಂದ್ರೆ ಪಿಎಸ್2ಗೆ ಬಂತು. ಮಾಡಿದ್ದು ಹೈದರಾಬಾದಿನ ಗೇಮ್‌ಶಾಸ್ತ್ರ. ಕಬಡ್ಡಿ, ಗಾಳಿಪಟ, ಗಿಲ್ಲಿ ದಾಂಡು ಎಲ್ಲ ಅದರಲ್ಲಿತ್ತು. ನಮ್ಮ ಚಿನ್ನಿದಾಂಡನ್ನ ಟಿವಿಯೊಳಗೆ ನೋಡಿದ್ದು ಅದೇ ಮೊದಲು. ಅದೇ ವರ್ಷ ಹೈದರಾಬಾದಿಂದಲೇ 'ಹನುಮಾನ್: ಬಾಯ್ ವಾರಿಯರ್' ಕೂಡ ಬಂತು. 2013ರ ಹೊತ್ತಿಗೆ ಪಿಎಸ್2 ತಯಾರಿಕೇನೇ ನಿಂತುಹೋಯ್ತು. ಜಪಾನಿನ, ಅಮೆರಿಕದ ದೊಡ್ಡ ಗೇಮುಗಳನ್ನ ಕಂಪನಿಗಳೇ ಮತ್ತೆ ಮತ್ತೆ ಹೊಸ ಯಂತ್ರಕ್ಕೆ ತರ್ತಾವೆ. ನಮ್ಮವರಿಗೆಂದು ಮಾಡಿದ ಇಂಥ ಡಿಸ್ಕನ್ನ ಉಳಿಸೋದು ಯಾರ ಮನೇಲಿ ಇದೆಯೋ ಅವರೇ. ಇದನ್ನ ನಾನು ಕಳಕಳಿಯಿಂದಲೇ ಹೇಳ್ತಿದೀನಿ.

ಒಂದು ದಿನ ಮೈಸೂರಿನ ಕುವೆಂಪುನಗರದಿಂದ ತಂಗಿ ಫೋನ್ ಮಾಡಿದ್ಲು. "ಅಣ್ಣಾ, ಶೋಕೇಸ್ ಕ್ಲೀನ್ ಮಾಡ್ತಾ ಇದೀನಿ, ಆ ಚಿನ್ನಿದಾಂಡು ಡಿಸ್ಕ್ ಬಿಸಾಕ್ಲಾ?" ಅಂದ್ಲು. "ಬ್ಯಾಡ ಕಣವ್ವ, ಎತ್ತಿಡು. ಭಾನ್ವಾರ ಬತ್ತೀನಿ" ಅಂದೆ. ಹೋಗಿ ತಂದೆ.

ಕಾನೂನಿನ ಮಾತು ಮೊದಲೇ ಆಡಿಬಿಡ್ತೀನಿ. ಭಾರತದ ಕೃತಿಸ್ವಾಮ್ಯ ಕಾಯ್ದೆ, 1957ರ ಸೆಕ್ಷನ್ 52(1)(ಎಎ) ಪ್ರಕಾರ, ಕಂಪ್ಯೂಟರ್ ಪ್ರೋಗ್ರಾಮಿನ ಪ್ರತಿಯನ್ನ ನ್ಯಾಯವಾಗಿ ಹೊಂದಿರೋನು ಕಳೆದುಹೋದೀತು, ಹಾಳಾದೀತು ಅನ್ನೋ ತಾತ್ಕಾಲಿಕ ರಕ್ಷಣೆಗೆ ಮಾತ್ರ ಬ್ಯಾಕಪ್ ಮಾಡ್ಕೋಬಹುದು, ಅದೂ ಆ ಪ್ರೋಗ್ರಾಮನ್ನ ಕೊಟ್ಟ ಉದ್ದೇಶಕ್ಕೇ ಬಳಸಬೇಕು. ನ್ಯಾಯವಾಗಿ ಅನ್ನೋ ಪದದ ಮೇಲೆ ಬೆರಳಿಡಿ. ಸಂತೆಯಲ್ಲಿ ಪ್ಲಾಸ್ಟಿಕ್ ಕವರಿನಲ್ಲಿ ಸಿಗ್ತಿದ್ದ ನಕಲಿ ಡಿಸ್ಕ್, ಗೆಳೆಯನಿಂದ ಒಂದು ವಾರಕ್ಕೆ ತಂದದ್ದು, ಬಾಡಿಗೆದು, ಯಾವುದನ್ನೂ ನಾನು ಇದರಲ್ಲಿ ಸೇರಿಸಲ್ಲ. ಅಂಗಡಿಗೆ ಅಂಥದ್ದು ತಂದ್ರೆ ನಾನು ಮಾಡ್ಕೊಡಲ್ಲ. ಮಾಡ್ಕೊಂಡ ಕಾಪಿಯನ್ನ ಹಂಚೋದು, ಮಾರೋದು ಬೇಡ. ಅಸಲಿ ಡಿಸ್ಕ್ ಮಾರಿದ್ರೆ ಕಾಪೀನೂ ಅಳಿಸಿ. 2012ರ ತಿದ್ದುಪಡಿಯಲ್ಲಿ 65ಎ ಅಂತ ಇನ್ನೊಂದು ಸೆಕ್ಷನ್ ಸೇರಿದೆ, ಅದು ಡಿಜಿಟಲ್ ಬೀಗ ಒಡೆಯೋದರ ವಿಚಾರ. ಪಿಎಸ್3ರಿಂದ ಈಚೆಗಿನ ಬ್ಲೂ-ರೇ ಡಿಸ್ಕುಗಳಲ್ಲಿ ಒಳಗಿನ ಮಾಹಿತಿಗೇ ಬೀಗ ಹಾಕಿರ್ತಾರೆ, ಆ ದಾರಿಗೆ ನಾನು ಹೋಗಿಲ್ಲ. ನಿಂಟೆಂಡೊ ಕಂಪನಿಯ ಗೇಮ್‌ಕ್ಯೂಬ್, ವೀ ಯಂತ್ರಗಳ ಡಿಸ್ಕನ್ನ ಸಾಮಾನ್ಯ ಕಂಪ್ಯೂಟರ್ ಡ್ರೈವ್ ಓದೋದೇ ಇಲ್ಲ. ಇಲ್ಲಿ ಹೇಳೋದು ಪಿಎಸ್1, ಪಿಎಸ್2 ಎರಡರದ್ದು ಮಾತ್ರ. ಸಾಮಾನ್ಯ ಡ್ರೈವ್ ಇವನ್ನ ಸಲೀಸಾಗಿ ಓದುತ್ತೆ.

ಕೈಯಲ್ಲಿರೋದು ಸಿಡಿಯಾ ಡಿವಿಡಿಯಾ ಅನ್ನೋದು ತಿರುಗಿಸಿ ನೋಡಿದ್ರೆ ಗೊತ್ತಾಗುತ್ತೆ. ಪಿಎಸ್1 ಡಿಸ್ಕಿನ ತಳ ಕಪ್ಪು, ಅದು ಸಿಡಿ. ಪಿಎಸ್2ರಲ್ಲಿ ತಳ ನೀಲಿಯಾಗಿದ್ರೆ ಸಿಡಿ, ಬೆಳ್ಳಗೆ ಹೊಳೆದ್ರೆ ಡಿವಿಡಿ. ಡಿವಿಡಿಯಲ್ಲೂ ಒಂದು ಪದರದ್ದು 4.7 ಜಿಬಿ, ಎರಡು ಪದರದ್ದು 8.5 ಜಿಬಿ. ವಿಂಡೋಸ್ ಬೇರೆ ಲೆಕ್ಕದಲ್ಲಿ ಎಣಿಸೋದರಿಂದ ಒಂದು ಪದರದ್ದನ್ನ 4.37 ಅಂತ ತೋರಿಸುತ್ತೆ. ಅದಕ್ಕಿಂತ ಜಾಸ್ತಿ ತೋರಿಸಿದ್ರೆ ಎರಡು ಪದರ ಇದೆ ಅಂತ ತಿಳ್ಕೊಳ್ಳಿ. ನಮ್ಮಲ್ಲಿರೋ 'ಗ್ರಾನ್ ಟುರಿಸ್ಮೊ 4' ಅಂಥದ್ದು.

ಡಿಸ್ಕ್ ತೊಳೆಯೋದರಲ್ಲಿ ಅವಸರ ಬೇಡ. ಧೂಳಿದ್ದಾಗ ಬಟ್ಟೆ ಹಾಕಿ ಉಜ್ಜಿದ್ರೆ ಆ ಧೂಳೇ ಗೀರು ಬರೆಯುತ್ತೆ. ಮೊದಲು ನಲ್ಲಿ ನೀರನ್ನ ಸಣ್ಣಗೆ ಬಿಟ್ಟು ತಳದ ಭಾಗ ನೆನೆಸಿ. ಪಾತ್ರೆ ತೊಳೆಯೋ ಲಿಕ್ವಿಡ್ ಒಂದು ಹನಿ ಬೆರಳ ತುದಿಗೆ ಹಾಕ್ಕೊಂಡು, ನಡುವಿನ ತೂತಿನಿಂದ ಅಂಚಿನ ಕಡೆಗೆ ನೇರವಾಗಿ ಎಳೀರಿ, ಬಂಡಿ ಚಕ್ರದ ಅರೆಕಾಲು ಇರೋ ಹಾಗೆ. ದುಂಡಗೆ ತಿರುಗಿಸಿ ಉಜ್ಜಲೇಬೇಡಿ. ಮಾಹಿತಿ ಇರೋದು ಸುರುಳಿಯಾಗಿ. ಗೀರು ಅಡ್ಡ ಬಿದ್ದಿದ್ರೆ ಪ್ರತಿ ಸುತ್ತಿನಲ್ಲೂ ಒಂದು ಚೂರು ಮಾತ್ರ ಹೋಗುತ್ತೆ. ಸಿಡಿಯ ತಪ್ಪು ತಿದ್ದೋ ವ್ಯವಸ್ಥೆ ಸುರುಳಿಯ ಉದ್ದಕ್ಕೆ ಸುಮಾರು 2.5 ಮಿಲಿಮೀಟರಿನಷ್ಟು ಹೋದದ್ದನ್ನ ಪೂರ್ತಿ ಸರಿಮಾಡಿಕೊಳ್ಳುತ್ತೆ. ಸುರುಳಿಯ ಜೊತೆಗೇ ಉದ್ದಕ್ಕೆ ಗೀರು ಬಿದ್ರೆ ಒಂದೇ ಕಡೆ ಬಹಳಷ್ಟು ಮಾಹಿತಿ ಹೋಗಿ, ತಿದ್ದೋಕೆ ಏನೂ ಉಳಿಯಲ್ಲ. ಆಮೇಲೆ ಹಳೇ ಮಲ್ ಪಂಚೆಯ ತುಂಡಿನಲ್ಲಿ ಒತ್ತಿ ಒತ್ತಿ ಒರೆಸಿ, ಹತ್ತು ನಿಮಿಷ ನಿಲ್ಲಿಸಿಡಿ. ಟೂತ್‌ಪೇಸ್ಟ್ ಹಾಕಿ ಉಜ್ಜು ಅಂತ ಹೇಳೋರು ಇದಾರೆ. ಅದು ಉಪ್ಪುಕಾಗದ ಹಾಕಿ ಉಜ್ಜಿದ ಹಾಗೇನೇ, ಕಾಪಿ ಆಗೋಕೆ ಮುಂಚೆ ಆ ಸಾಹಸ ಬೇಡ.

ಸಿಡಿಯಲ್ಲಿ ಜೋಪಾನ ಮಾಡಬೇಕಾದ್ದು ಚಿತ್ರದ ಕಡೆ. ಸಿಡಿ ದಪ್ಪ 1.2 ಮಿಲಿಮೀಟರ್, ಅದರಲ್ಲಿ ಮಾಹಿತಿ ಇರೋದು ಚಿತ್ರದ ಬಣ್ಣದ ಕೆಳಗೇ. ಕೆಳಗಿನ ಗೀರಿಗೆ ದಪ್ಪ ಪ್ಲಾಸ್ಟಿಕ್ಕಿನ ಅಡ್ಡಿ ಇದೆ, ಮೇಲಿನ ಗೀರಿಗೆ ಏನೂ ಇಲ್ಲ. ಡಿವಿಡಿಯಲ್ಲಿ 0.6 ಮಿಲಿಮೀಟರಿನ ಎರಡು ಬಿಲ್ಲೆಯ ನಡುವೆ ಮಾಹಿತಿ ಇರೋದರಿಂದ ಅಷ್ಟು ಭಯ ಇಲ್ಲ.

ಈಗ ಓದಿಸೋದು. ಲ್ಯಾಪ್‌ಟಾಪ್‌ನಲ್ಲಿ ಡ್ರೈವ್ ಇಲ್ಲದಿದ್ರೆ ಯುಎಸ್‌ಬಿ ಡಿವಿಡಿ ರೈಟರ್ ಸಾಕು, ಡೆಸ್ಕ್‌ಟಾಪ್ ಆದ್ರೆ ಹಿಂದಿನ ಪೋರ್ಟಿಗೇ ಸಿಕ್ಕಿಸಿ, ಮುಂದಿನವಕ್ಕೆ ಒಂದೊಂದು ಸಲ ಪವರ್ ಸಾಲಲ್ಲ. ವಿಂಡೋಸ್‌ನಲ್ಲಿ ನಾನು ಬಳಸೋದು ಇಮ್ಗ್‌ಬರ್ನ್, ದುಡ್ಡಿಲ್ಲದ ಸಾಫ್ಟ್‌ವೇರು. 2013ರ 2.5.8.0 ಆವೃತ್ತಿಯೇ ಇವತ್ತಿಗೂ ನಡೀತಿದೆ. ಇನ್‌ಸ್ಟಾಲ್ ಮಾಡುವಾಗ ಜೊತೆಗೆ ಬೇರೆ ಏನನ್ನಾದರೂ ಹಾಕ್ಕೋ ಅಂತ ಕೇಳಿದ್ರೆ ಟಿಕ್ ತೆಗೀರಿ. ತೆರೆದಾಗ ಬರೋ ಪರದೆಯಲ್ಲಿ 'ಕ್ರಿಯೇಟ್ ಇಮೇಜ್ ಫೈಲ್ ಫ್ರಮ್ ಡಿಸ್ಕ್' ಒತ್ತಿ, ಎಲ್ಲಿಗೆ ಉಳಿಸಬೇಕು ಹೇಳಿ, ಓದೋ ವೇಗ ಇಳಿಸಿ. ಸಿಡಿಗೆ 8ಎಕ್ಸ್, ಡಿವಿಡಿಗೆ 4ಎಕ್ಸ್ ನನ್ನ ಲೆಕ್ಕ. ಆ ವೇಗದಲ್ಲಿ ತುಂಬಿದ ಸಿಡಿಗೆ ಹತ್ತು ನಿಮಿಷ, ಒಂದು ಪದರದ ಡಿವಿಡಿಗೆ ಹದಿನಾಲ್ಕು ಹದಿನೈದು ನಿಮಿಷ. ಒಂದು ಕಾಫಿ ಕುಡಿಯೋ ಹೊತ್ತು.

ಡಿವಿಡಿ ಆದ್ರೆ ಡಿಸ್ಕಿನ ಸರಕೆಲ್ಲ ಇರೋ ಒಂದು ಐಎಸ್‌ಒ ಫೈಲು, ಜೊತೆಗೊಂದು ಚಿಕ್ಕ ಎಂಡಿಎಸ್ ಫೈಲು ಸಿಗುತ್ತೆ. ಎರಡು ಪದರದ ಡಿಸ್ಕಿನಲ್ಲಿ ಒಂದು ಪದರ ಮುಗಿದು ಇನ್ನೊಂದು ಶುರುವಾಗೋ ಜಾಗದ ಗುರುತು ಆ ಚಿಕ್ಕದರಲ್ಲಿರುತ್ತೆ, ಕಸ ಅಂತ ಅಳಿಸಬೇಡಿ. ಪಿಎಸ್1 ಸಿಡಿ ಆದ್ರೆ ಬಿನ್, ಕ್ಯೂ ಅಂತ ಎರಡು ಬರುತ್ತೆ. ಬಿನ್‌ನಲ್ಲಿ ಸರಕು, ಕ್ಯೂನಲ್ಲಿ ಆ ಸರಕಿನ ಪಟ್ಟಿ. ನೋಟ್‌ಪ್ಯಾಡಿನಲ್ಲಿ ಕ್ಯೂ ತೆರೆದು ನೋಡಿ, ಎಷ್ಟು ಟ್ರ್ಯಾಕ್, ಯಾವುದು ಎಲ್ಲಿ ಶುರು ಅಂತ ಓದೋ ಹಾಗೇ ಬರೆದಿರುತ್ತೆ. ಬಿನ್ ಫೈಲಿನ ಹೆಸರು ಬದಲಿಸಿದ್ರೆ ಕ್ಯೂ ಒಳಗೂ ಅದೇ ಹೆಸರು ತಿದ್ದಬೇಕು.

ಸಿಡಿಯನ್ನ ಬರೀ ಐಎಸ್‌ಒ ಮಾಡಿದ್ರೆ ಏನಾಗುತ್ತೆ ಅನ್ನೋದು ಒಂದು ಡಿಸ್ಕಿನಲ್ಲಿ ಚೆನ್ನಾಗಿ ಗೊತ್ತಾಗುತ್ತೆ. 'ರಿಡ್ಜ್ ರೇಸರ್', 1994ರಲ್ಲಿ ಜಪಾನಿನಲ್ಲಿ ಪ್ಲೇಸ್ಟೇಷನ್ ಜೊತೆಗೇ ಬಂದ ಗೇಮ್. ಅದರಲ್ಲಿ ಮೊದಲ ಟ್ರ್ಯಾಕ್ ಗೇಮು, ಉಳಿದವೆಲ್ಲ ಸಂಗೀತ, ಮಾಮೂಲಿ ಆಡಿಯೋ ಸಿಡಿಯಲ್ಲಿ ಇರೋ ಹಾಗೇ. ಐಎಸ್‌ಒಗೆ ಗೇಮಿನ ಟ್ರ್ಯಾಕ್ ಮಾತ್ರ ಬರುತ್ತೆ, ಕಾರು ಓಡುತ್ತೆ, ಹಾಡು ಇರಲ್ಲ. ಸಿಡಿಯ ಮಾಹಿತಿಯನ್ನ ಸೆಕ್ಟರ್ ಅನ್ನೋ ಸಣ್ಣ ಸಣ್ಣ ತುಂಡಾಗಿ ಬರೆದಿರ್ತಾರೆ, ಒಂದು ಸೆಕ್ಟರಿನಲ್ಲಿ 2352 ಬೈಟ್ ಇರುತ್ತೆ. ಡೇಟಾ ಆದ್ರೆ ಅದರಲ್ಲಿ 2048 ಮಾತ್ರ ಸರಕು, ಉಳಿದದ್ದರಲ್ಲಿ ಬಹುಪಾಲು ತಪ್ಪು ಹಿಡಿಯೋಕೆ, ತಿದ್ದೋಕೆ ಮೀಸಲು. ಹಾಡಿನ ಟ್ರ್ಯಾಕಿನಲ್ಲಿ ಆ ಎರಡನೇ ಕಾವಲು ಇಲ್ಲ, 2352 ಬೈಟೂ ಹಾಡೇ. ಹಾಗಾಗಿ ಡೇಟಾ ಓದೋಕಾಗದಿದ್ರೆ ಡ್ರೈವ್ ನಿಂತು ಹೇಳುತ್ತೆ. ಹಾಡು ಓದೋಕಾಗದಿದ್ರೆ ಅಕ್ಕಪಕ್ಕದ ಸದ್ದು ನೋಡ್ಕೊಂಡು ನಡುವಿನದನ್ನ ಅಂದಾಜಿನಲ್ಲಿ ತುಂಬಿ, ಸದ್ದಿಲ್ಲದೆ ಮುಂದೆ ಹೋಗುತ್ತೆ. ನಿಮಗೆ ತಿಳಿಯೋದೇ ಇಲ್ಲ.

ಅದಕ್ಕೇ ಪ್ರತಿ ಡಿಸ್ಕನ್ನೂ ಎರಡು ಸಲ ಓದಿಸಿ. ಒಂದು ಸಲ ಓದಿಸಿ, ಡಿಸ್ಕ್ ಹೊರಗೆ ತೆಗೆದು, ಮತ್ತೆ ಹಾಕಿ, ಬೇರೆ ಫೋಲ್ಡರಿಗೆ ಇನ್ನೊಂದು ಸಲ. ಆಮೇಲೆ ಎರಡಕ್ಕೂ ಹ್ಯಾಶ್ ತೆಗೀರಿ. ಫೈಲಿನ ಒಂದೊಂದು ಬೈಟನ್ನೂ ಅರೆದು ಒಂದು ಉದ್ದನೇ ಅಕ್ಷರ-ಅಂಕಿಯ ಸಾಲು ಮಾಡೋದನ್ನ ಹ್ಯಾಶ್ ಅಂತಾರೆ. ಐದು ಜಿಬಿಯಲ್ಲಿ ಒಂದೇ ಒಂದು ಬಿಟ್ ಬೇರೆ ಇದ್ರೂ ಸಾಲು ಪೂರಾ ಬೇರೆ ಬರುತ್ತೆ. 7-ಝಿಪ್ ಅನ್ನೋ ಸಾಫ್ಟ್‌ವೇರ್ ಹಾಕಿದ್ರೆ ಫೈಲಿನ ಮೇಲೆ ರೈಟ್ ಕ್ಲಿಕ್ ಮಾಡಿದಾಗ 'ಸಿಆರ್‌ಸಿ ಎಸ್‌ಎಚ್‌ಎ' ಅಂತ ಸಿಗುತ್ತೆ, ಅದರಲ್ಲಿ ಎಸ್‌ಎಚ್‌ಎ-1 ಆರಿಸಿ. ಎರಡು ಸಾಲೂ ಒಂದೇ ಬಂತಾ, ಆ ಸಾಲನ್ನ ಒಂದು ಟೆಕ್ಸ್ಟ್ ಫೈಲಿನಲ್ಲಿ ಅಂಟಿಸಿ ಅದೇ ಫೋಲ್ಡರಿನಲ್ಲಿ ಇಡಿ, ಒಂದು ಕಾಪಿ ಅಳಿಸಿ. ಬೇರೆ ಬಂತಾ, ತೊಳೆದು ಮತ್ತೆ ಓದಿಸಿ.

ಇಲ್ಲಿ ನಾನು ಎರಡು ದಿನ ತಲೆ ಕೆಡಿಸಿಕೊಂಡಿದ್ದೆ. ಹಾಡಿನ ಟ್ರ್ಯಾಕ್ ಇರೋ ಡಿಸ್ಕನ್ನ ಅಂಗಡಿಯ ಎರಡು ಡ್ರೈವಿನಲ್ಲಿ ಒಂದೊಂದು ಸಲ ಓದಿಸಿದೆ, ಹ್ಯಾಶ್ ತಾಳೆ ಆಗಲೇ ಇಲ್ಲ. ಡಿಸ್ಕ್ ಹೋಯ್ತು ಅಂದ್ಕೊಂಡೆ. ಡಿಸ್ಕ್ ಸರಿಯಾಗೇ ಇತ್ತು. ಆಡಿಯೋ ಎಲ್ಲಿಂದ ಶುರು ಅನ್ನೋದರಲ್ಲಿ ಒಂದೊಂದು ಮಾಡೆಲ್ ಡ್ರೈವೂ ಕೆಲವು ಸ್ಯಾಂಪಲ್ (ಸದ್ದಿನ ತೀರಾ ಚಿಕ್ಕ ತುಣುಕು) ಹಿಂದೆ ಮುಂದೆ ಆಗುತ್ತೆ, ಅದನ್ನ ರೀಡ್ ಆಫ್‌ಸೆಟ್ ಅಂತಾರೆ. ಕಿವಿಗೆ ಗೊತ್ತಾಗಲ್ಲ, ಹ್ಯಾಶಿಗೆ ಗೊತ್ತಾಗುತ್ತೆ. ಹಾಡಿರೋ ಡಿಸ್ಕಾದ್ರೆ ಎರಡು ಸಲವೂ ಒಂದೇ ಡ್ರೈವಿನಲ್ಲಿ ಓದಿಸಿ. ಡಿವಿಡಿಗೆ ಈ ರಗಳೆ ಇಲ್ಲ, ಬೇರೆ ಬೇರೆ ಡ್ರೈವಿನಲ್ಲಿ ಓದಿಸಿ ಒಂದೇ ಹ್ಯಾಶ್ ಬಂದ್ರೆ ಇನ್ನೂ ಒಳ್ಳೇದು. ರೀಡಂಪ್ ಅನ್ನೋ ಸ್ವಯಂಸೇವಕರ ಯೋಜನೆ ಒಂದಿದೆ. ಅವರು ಗೇಮ್ ಹಂಚಲ್ಲ, ಡಿಸ್ಕುಗಳ ಹ್ಯಾಶನ್ನ ಮಾತ್ರ ಪಟ್ಟಿ ಮಾಡಿಡ್ತಾರೆ. ನಿಮ್ಮ ಡಿವಿಡಿಯ ಸಾಲು ಅವರ ಪಟ್ಟಿಯಲ್ಲಿ ಸಿಕ್ರೆ, ಎಲ್ಲೋ ಇನ್ನೊಬ್ಬರ ಕೈಯಲ್ಲಿರೋ ಡಿಸ್ಕೂ ನಿಮ್ಮದೂ ಅಕ್ಷರಶಃ ಒಂದೇ ಅಂತ ಆಯ್ತು.

ಇಷ್ಟು ಒತ್ತಿ ಹೇಳೋಕೆ ಕಾರಣ ಇದೆ. ಕೆಲವು ವರ್ಷದ ಹಿಂದೆ ಹೀಗೇ ಕಾಪಿ ಮಾಡಿ ಎಕ್ಸ್‌ಟರ್ನಲ್ ಹಾರ್ಡ್‌ಡಿಸ್ಕಿಗೆ ಹಾಕ್ತಾ ಇದ್ದೆ. ನಡುವೆ ಕರೆಂಟ್ ಹೋಯ್ತು. ಬಂದ ಮೇಲೆ ನೋಡಿದ್ರೆ ಫೈಲ್ ಇತ್ತು, ಹೆಸರು ಸರಿ, ಸೈಜೂ ಸರಿ. ಕಾಪಿ ಮುಗಿದಿತ್ತು ಅಂದ್ಕೊಂಡು ಮೂಲ ಫೈಲ್ ಅಳಿಸಿದೆ. ವಿಂಡೋಸ್ ಮೊದಲೇ ಪೂರ್ತಿ ಜಾಗ ಹಿಡಿದಿಟ್ಟು ಆಮೇಲೆ ತುಂಬುತ್ತಾ ಹೋಗೋದರಿಂದ ಸೈಜ್ ಪೂರ್ತಿ ಕಂಡಿತ್ತು, ಅರ್ಧದಿಂದ ಆಚೆಗೆ ಬರೀ ಸೊನ್ನೆ. ಗೊತ್ತಾಗಿದ್ದು ಎರಡು ಮಳೆಗಾಲ ಕಳೆದ ಮೇಲೆ. ಅಷ್ಟರಲ್ಲಿ ಅಟ್ಟದ ಮೇಲಿದ್ದ ರೆಕ್ಸಿನ್ ಪೌಚಿನೊಳಗೆ ಆ ಡಿಸ್ಕಿನ ಲೇಬಲ್ ಕವರಿಗೆ ಅಂಟಿಕೊಂಡು, ಬಿಡಿಸುವಾಗ ಲೋಹದ ಪದರವೂ ಕಿತ್ತು ಬಂತು. ತಂಗಿ ತನ್ನ ಮೊದಲ ವರ್ಷದ ಸ್ಕಾಲರ್‌ಶಿಪ್ ದುಡ್ಡಲ್ಲಿ ತಗೊಂಡಿದ್ದ ಡಿಸ್ಕ್ ಅದು. ಹದಿನೈದು ಇದ್ದದ್ದು ಹದಿನಾಲ್ಕಾಗಿದ್ದು ಹಾಗೆ. ಈಗ ಯುಪಿಎಸ್ ಇಲ್ಲದೆ ಈ ಕೆಲಸಕ್ಕೆ ಕೂರಲ್ಲ, ಹಾರ್ಡ್‌ಡಿಸ್ಕಿಗೆ ಹೋದ ಮೇಲೂ ಅಲ್ಲೇ ಇನ್ನೊಂದು ಸಲ ಹ್ಯಾಶ್ ತೆಗೆದು ತಾಳೆ ನೋಡದೆ ಏನನ್ನೂ ಅಳಿಸಲ್ಲ.

ಪೆನ್‌ಡ್ರೈವಿಗೆ ಹಾಕೋರಿಗೆ ಒಂದು ಮಾತು. ಅದು ಫ್ಯಾಟ್32ರಲ್ಲಿ ಫಾರ್ಮ್ಯಾಟ್ ಆಗಿದ್ರೆ 4 ಜಿಬಿ ತುಂಬಿದ ಫೈಲ್ ಹಿಡಿಯಲ್ಲ, ಜಾಗ ಎಷ್ಟೇ ಖಾಲಿ ಇರಲಿ. ಎಕ್ಸ್‌ಫ್ಯಾಟ್ ಅಥವಾ ಎನ್‌ಟಿಎಫ್‌ಎಸ್ ಮಾಡ್ಕೊಳ್ಳಿ.

ಫೈಲಿಗೆ ಹೆಸರಿಡುವಾಗ ಗೇಮಿನ ಹೆಸರಿನ ಜೊತೆ ಡಿಸ್ಕಿನ ಮೇಲಿರೋ ಸಂಖ್ಯೆಯನ್ನೂ ಸೇರಿಸಿ. ನಮ್ಮಲ್ಲಿ ಮಾರಾಟವಾದವು ಸಾಮಾನ್ಯವಾಗಿ ಯುರೋಪಿನ, ಪಾಲ್ ಅನ್ನೋ ಟಿವಿ ಪದ್ಧತಿಯ ಡಿಸ್ಕುಗಳು, ಎಸ್‌ಸಿಇಎಸ್ ಅಥವಾ ಎಸ್‌ಎಲ್‌ಇಎಸ್ ಅಂತ ಶುರುವಾಗಿ ಐದಂಕಿ ಇರುತ್ತೆ. ಲೇಬಲ್ ಅಳಿಸಿಹೋಗಿದ್ರೂ ಚಿಂತೆ ಇಲ್ಲ. ಪಿಎಸ್2 ಐಎಸ್‌ಒವನ್ನ 7-ಝಿಪ್ಪಿನಲ್ಲಿ ತೆರೆದ್ರೆ 'ಸಿಸ್ಟಮ್.ಸಿಎನ್‌ಎಫ್' ಅಂತ ಒಂದು ಚಿಕ್ಕ ಫೈಲ್ ಕಾಣುತ್ತೆ, ನೋಟ್‌ಪ್ಯಾಡಿನಲ್ಲಿ ಓದಬಹುದು. ಮೊದಲ ಸಾಲಿನಲ್ಲಿ ಆ ಸಂಖ್ಯೆ, ಕೆಳಗೆ ಆವೃತ್ತಿ, ಅದರ ಕೆಳಗೆ 'ಪಾಲ್' ಅಂತ. ಪಿಎಸ್2 ಡಿಸ್ಕ್ ನುಂಗಿದ ತಕ್ಷಣ ಹುಡುಕೋದು ಈ ಮೂರು ಸಾಲನ್ನೇ. ನಾನು ಅದನ್ನ ಮೊದಲ ಸಲ ತೆರೆದು ನೋಡಿದಾಗ ಅಂಗಡೀಲಿ ಒಬ್ಬನೇ ಇದ್ದೆ. ಇಷ್ಟು ವರ್ಷ ಟಿವಿಯಲ್ಲಿ ಆಡಿದ ಗೇಮಿನ ಬಾಗಿಲು ಇಷ್ಟು ಚಿಕ್ಕದಾ ಅನ್ನಿಸ್ತು.

ಆಡೋದಕ್ಕೆ ಕಂಪ್ಯೂಟರನ್ನೇ ಪ್ಲೇಸ್ಟೇಷನ್ ಥರ ನಡೆಸೋ ಸಾಫ್ಟ್‌ವೇರ್ ಇದೆ, ಪಿಎಸ್2ದಾದ್ರೆ ಪಿಸಿಎಸ್‌ಎಕ್ಸ್2, ಪಿಎಸ್1ದಾದ್ರೆ ಡಕ್‌ಸ್ಟೇಷನ್. ಎರಡಕ್ಕೂ ಕನ್ಸೋಲಿನ ಬಯಾಸ್, ಅಂದ್ರೆ ಅದನ್ನ ಚಾಲೂ ಮಾಡೋ ಒಳಗಿನ ಸಾಫ್ಟ್‌ವೇರ್, ಬೇಕು, ಅದನ್ನ ನಿಮ್ಮದೇ ಕನ್ಸೋಲಿನಿಂದ ತೆಗೀಬೇಕು. ಕಾಪಿಯನ್ನ ಖಾಲಿ ಡಿಸ್ಕಿಗೆ ರೈಟ್ ಮಾಡಿ ಹಳೇ ಪಿಎಸ್1ಗೆ ಹಾಕಿದ್ರೆ ನಡೆಯುತ್ತಾ ಅಂತ ಕೇಳ್ತಾರೆ. ನಡೆಯಲ್ಲ. ಅಸಲಿ ಡಿಸ್ಕಿನ ಒಳ ಅಂಚಿನಲ್ಲಿ ಕಾರ್ಖಾನೆಯಲ್ಲೇ ಸುರುಳಿಯನ್ನ ಒಂದು ಲೆಕ್ಕದಲ್ಲಿ ಓಲಾಡಿಸಿ ಅದರಲ್ಲಿ ಪ್ರದೇಶದ ಗುರುತು ಬರೆದಿರ್ತಾರೆ, ಯಾವ ರೈಟರಿನಲ್ಲೂ ಅದು ಮೂಡಲ್ಲ. ನಾವು ಮಾಡ್ತಿರೋ ಕಾಪಿ ಕಂಪ್ಯೂಟರಿನೊಳಗೆ ಇರೋಕೆ. ಆಟ ಎಲ್ಲಿಗೆ ನಿಲ್ಲಿಸಿದ್ರಿ ಅನ್ನೋ ಸೇವ್ ಡಿಸ್ಕಿನಲ್ಲಿ ಇರಲ್ಲ, ಮೆಮೊರಿ ಕಾರ್ಡಿನಲ್ಲಿರುತ್ತೆ (ಪಿಎಸ್2ದಾದ್ರೆ 8 ಎಂಬಿಯದ್ದು), ಅದನ್ನೂ ಜೋಪಾನವಾಗಿಡಿ.

ಚಿನ್ನಿದಾಂಡು ಡಿಸ್ಕಿನ ವಿಚಾರಕ್ಕೆ ಬರ್ತೀನಿ. ತಳದಲ್ಲಿ ಉಗುರಿನಷ್ಟು ಉದ್ದದ ಗೀರು, ಅದೂ ಸುರುಳಿಯ ಜೊತೆಗೇ. ಮೊದಲ ಡ್ರೈವಿನಲ್ಲಿ ಶೇಕಡ 61ರವರೆಗೆ ಸಲೀಸಾಗಿ ಹೋಯ್ತು. ಆಮೇಲೆ ಸದ್ದು ಬದಲಾಯ್ತು, ಒಂದೇ ಸಮ ಇದ್ದ ಗುಂಯ್‌ಗುಡುವಿಕೆ ಏರಿ, ಇಳಿದು, ನಿಂತು, ಮತ್ತೆ ಏರೋಕೆ ಶುರುವಾಯ್ತು. ಲೆನ್ಸ್ ಹಿಂದೆ ಮುಂದೆ ಸರಿಯೋ ಟಿಕ್ ಟಿಕ್ ಕೇಳ್ತಿತ್ತು. ಕೊನೆಗೆ ಸೆಕ್ಟರ್ ಓದೋಕಾಗಲಿಲ್ಲ ಅನ್ನೋ ಡಬ್ಬಿ ಬಂತು. ಇಂಥ ಕಡೆ ತಪ್ಪನ್ನ ಬಿಟ್ಟು ಮುಂದೆ ಹೋಗು ಅನ್ನೋ ಆಯ್ಕೆ ಸೆಟ್ಟಿಂಗಿನಲ್ಲಿದೆ. ಅದನ್ನ ಆನ್ ಮಾಡಬೇಡಿ. ಫೈಲ್ ಪೂರ್ತಿಯಾದ ಹಾಗೆ ಕಾಣುತ್ತೆ, ಒಳಗೆ ಗುಂಡಿ ಉಳಿಯುತ್ತೆ, ಹತ್ತನೇ ಲೆವೆಲ್ಲಿಗೆ ಹೋದಾಗ ಗೇಮ್ ನಿಂತುಹೋಗುತ್ತೆ. ಬದಲಿಗೆ ವೇಗ ಇನ್ನೂ ಇಳಿಸಿ, ಡಿಸ್ಕ್ ಮತ್ತೆ ತೊಳೆಯಿರಿ, ಆಗಲೂ ಆಗದಿದ್ರೆ ಡ್ರೈವ್ ಬದಲಿಸಿ. ಒಂದು ಡ್ರೈವ್ ಕೈಚೆಲ್ಲಿದ್ದನ್ನ ಇನ್ನೊಂದು ಓದೋದು ನಾನು ಮದುವೆ ಸಿಡಿಗಳಲ್ಲಿ ಎಷ್ಟೋ ಸಲ ನೋಡಿದೀನಿ, ಲೆನ್ಸಿನ ಸವೆತ, ಲೇಸರಿನ ಶಕ್ತಿ ಒಂದೊಂದರಲ್ಲಿ ಒಂದೊಂದು ಥರ.

ಎರಡನೇ ಡ್ರೈವ್, ನಿಧಾನಕ್ಕಿಟ್ಟು, ರಾತ್ರಿ ಬಾಗಿಲು ಎಳೆದ ಮೇಲೆ. 61 ಬಂತು, ಸದ್ದು ಒಂದು ಸಲ ತಗ್ಗಿತು, 62 ಆಯ್ತು. ಕೊನೆವರೆಗೂ ಓಡಿತು. ತಕ್ಷಣ ತೆಗೆದು ಮತ್ತೆ ಹಾಕಿ ಎರಡನೇ ಸಲ ಓದಿಸಿದೆ. ಎರಡು ಸಾಲನ್ನೂ ಒಂದರ ಕೆಳಗೊಂದು ಇಟ್ಟು ಬೆರಳಿಟ್ಟು ಓದಿದೆ, ನಲವತ್ತು ಅಕ್ಷರವೂ ಕೂಡಿತು. ಆಗ ಹತ್ತೂವರೆ. ಆದ್ರೂ ತಂಗಿಗೆ ಫೋನ್ ಮಾಡ್ದೆ.

ಕಾಪಿಗಳು ಈಗ ಎರಡು ಹಾರ್ಡ್‌ಡಿಸ್ಕಿನಲ್ಲಿವೆ, ಒಂದು ಅಂಗಡೀಲಿ, ಒಂದು ಕುವೆಂಪುನಗರದಲ್ಲಿ. ವರ್ಷಕ್ಕೊಂದು ಸಲ, ಆಯುಧಪೂಜೆಗೆ ಯಂತ್ರಗಳನ್ನ ಒರೆಸೋ ದಿನ, ಎರಡನ್ನೂ ಸಿಕ್ಕಿಸಿ ಹ್ಯಾಶ್ ತೆಗೆದು ಹಳೇ ಸಾಲಿನ ಜೊತೆ ತಾಳೆ ನೋಡ್ತೀನಿ. ಅಸಲಿ ಡಿಸ್ಕುಗಳು ಪೌಚಿನಿಂದ ಅವುಗಳ ಗಟ್ಟಿ ಕೇಸಿಗೆ ವಾಪಸ್ ಹೋಗಿವೆ, ಪುಸ್ತಕದ ಹಾಗೆ ನಿಲ್ಲಿಸಿ, ಅಟ್ಟದಿಂದ ಇಳಿಸಿ, ಗೋಡೆಯ ತೇವ ತಾಗದ ಬೀರುವಿನ ನಡುಗೂಡಿನಲ್ಲಿ.